ರುಚಿ ನೋಡಲಾಗಿದೆ

ಜೂನ್ 3, ಸೋಮವಾರ

ಕೆಲಸ ಸಿಕ್ಕಿತು. ಸಿಕ್ಕಿದ್ದು ಯಾಕೆ ಎಂದು ನೆನೆಸಿಕೊಂಡರೆ ಮಾತ್ರ ಮೈ ಉರಿಯುತ್ತದೆ.

ಸಾಕ್ಷ್ಯಚಿತ್ರ ಮಾಡುವ ಮೇಡಂ ನನ್ನ ಅಂಕಪಟ್ಟಿಯನ್ನು ತೆರೆದೂ ನೋಡಲಿಲ್ಲ. ಎರಡು ವರ್ಷ ಸಾಹಿತ್ಯ ಓದಿ ಪಡೆದ ಎಂ.ಎ. ಆ ಫೈಲಿನೊಳಗೇ ಮುದುಡಿಕೊಂಡು ಉಳಿಯಿತು. ಇಪ್ಪತ್ತು ನಿಮಿಷ ಅವರೇ ಮಾತಾಡಿದರು. ನಾನು "ಹೌದು ಮೇಡಂ", "ಇಲ್ಲ ಮೇಡಂ" ಬಿಟ್ಟರೆ ಮೂರನೆಯ ಮಾತು ಆಡಲಿಲ್ಲ. ಆಡಬೇಕೆಂದಿದ್ದೆ. ಮನೆಯಿಂದ ಹೊರಡುವಾಗ ನಾಲ್ಕು ವಾಕ್ಯ ಕಟ್ಟಿಕೊಂಡೇ ಹೋಗಿದ್ದೆ. ಅಷ್ಟರಲ್ಲಿ ಅವರು, "ನೀನು ಮಾತೇ ಆಡಲ್ಲ ಅಲ್ವಾ? ಸರಿ, ನಾಳೆಯಿಂದ ಬಾ. ಇದಕ್ಕಿಂತ ದೊಡ್ಡ ಅರ್ಹತೆ ನನಗೆ ಬೇಡ" ಅಂದುಬಿಟ್ಟರು.

ಅವರಿಗೆ ತಂಡ ಗಿಂಡ ಏನೂ ಇಲ್ಲ. ಕ್ಯಾಮೆರಾ ಅವರೇ ಹಿಡಿಯುತ್ತಾರೆ, ಚಿತ್ರವನ್ನು ಕತ್ತರಿಸಿ ಜೋಡಿಸುವುದೂ ಅವರೇ. ನಾನು ಕಿವಿಗೆ ಹೆಡ್‌ಫೋನು ಹಾಕಿಕೊಂಡು, ಉದ್ದ ಕೋಲಿನ ತುದಿಗೆ ಕಟ್ಟಿದ ಮೈಕನ್ನು ಎತ್ತಿ ಹಿಡಿಯಬೇಕು. ಸಂಜೆ ಮನೆಗೆ ಬಂದು ಆ ದಿನದ ಧ್ವನಿಯನ್ನು ಮತ್ತೆ ಕೇಳಿ, ಎಷ್ಟನೇ ನಿಮಿಷದಲ್ಲಿ ಏನು ಕೇಳಿಸಿತು ಎಂದು ಹಾಳೆಯಲ್ಲಿ ಪಟ್ಟಿ ಮಾಡಬೇಕು. ಪ್ರತಿ ಹಾಳೆಯ ಕೆಳಗೆ 'ಕೇಳಿ ಬರೆದವರು' ಎಂದು ಅಚ್ಚಾಗಿದೆ. ಅಲ್ಲಿ ನನ್ನ ಸಹಿ.

ಭಾವನಿಗಂತೂ ಹಬ್ಬ. "ಏನಮ್ಮಾ ಸಾಹಿತಿ, ಎಂ.ಎ. ಮಾಡಿ ಕೋಲು ಹಿಡಿಯೋ ಕೆಲಸವಾ? ದನ ಕಾಯೋರಿಗೆ ಡಿಗ್ರಿ ಕೇಳಲ್ಲಪ್ಪ."

"ಸುಮ್ನಿರಿ ನೀವು," ಅಂದಳು ಅಕ್ಕ. "ಒಂದು ವರ್ಷದಿಂದ ಮನೇಲಿ ಕೂತಿದ್ಲು. ಎದ್ದಿದಾಳೆ, ಏಳ್ಲಿ ಬಿಡಿ."

ಕೊಡಬೇಕಾದ ಉತ್ತರ ಕೈ ತೊಳೆಯುವಾಗ ಹೊಳೆಯಿತು. ನನ್ನ ಹಣೆಬರಹವೇ ಇಷ್ಟು.

ಜೂನ್ 6, ಗುರುವಾರ

ಚಿತ್ರೀಕರಣ ನಡೆಯುತ್ತಿರುವುದು ದೊಡ್ಡ ಆಸ್ಪತ್ರೆಯೊಂದರ ಅಡುಗೆಮನೆಯಲ್ಲಿ. ಕಟ್ಟಡದ ಹಿಂಭಾಗ, ಬಟ್ಟೆ ಒಗೆಯುವ ಕೋಣೆಯ ಪಕ್ಕ. ದಿನಕ್ಕೆ ಆರುನೂರು ಜನರ ಊಟ. ಒಂದೇ ಸಾಲಿನಲ್ಲಿ ಎಂಟು ಒಲೆ, ಮಗು ಕೂರಿಸಿ ಸ್ನಾನ ಮಾಡಿಸಬಹುದಾದಷ್ಟು ದೊಡ್ಡ ಪಾತ್ರೆಗಳು. ಗೋಡೆಯ ಮೇಲೆ ಹೊಗೆ ಎಳೆಯುವ ಫ್ಯಾನು. ಅದು ತಿರುಗುವಾಗ ಯಾರೋ ಗೊರಕೆ ಹೊಡೆದಂತೆ ಸದ್ದು ಬರುತ್ತದೆ. ಎರಡು ಪಾತ್ರೆಗಳ ಹಿಡಿಗೆ ಕೆಂಪು ದಾರ ಸುತ್ತಿದ್ದಾರೆ. ಅವು ಉಪ್ಪಿಲ್ಲದವು, ಹೃದಯ ಮತ್ತು ಮೂತ್ರಪಿಂಡದ ವಾರ್ಡುಗಳಿಗೆ.

ಮೇಡಂ ಮೂರು ನಿಯಮ ಹೇಳಿದರು. ಮಾತಾಡಬಾರದು. ಏನೂ ಕೇಳಬಾರದು. ಅಲ್ಲಿ ಏನೂ ತಿನ್ನಬಾರದು.

ಮೂರನೆಯದಕ್ಕೆ ನನ್ನ ಮುಖ ಏನೋ ಹೇಳಿರಬೇಕು. "ತಿಂದ್ರೆ ನಾವು ಅತಿಥಿಗಳಾಗ್ತೀವಿ. ಅತಿಥಿಗೆ ಯಾರೂ ನಿಜ ತೋರಿಸಲ್ಲ, ಒಳ್ಳೇ ತಟ್ಟೆ ತೋರಿಸ್ತಾರೆ" ಅಂದರು.

ಮಧ್ಯಾಹ್ನ ಮುಖ್ಯ ಅಡುಗೆಯವರು ತಟ್ಟೆ ಹಿಡಿದು ಬಂದರು. ಇಡೀ ಆಸ್ಪತ್ರೆ ಅವರನ್ನು ದೊಡ್ಡಮ್ಮ ಎಂದೇ ಕರೆಯುತ್ತದೆ. "ಬೆಳಗ್ಗೆಯಿಂದ ಕೋಲು ಎತ್ತಿ ನಿಂತಿದೀಯ, ಎರಡು ತುತ್ತು ತಿನ್ನಮ್ಮ" ಅಂದರು. ಮೇಡಂ ತಲೆಯಾಡಿಸಿ ಬೇಡವೆಂದರು. ದೊಡ್ಡಮ್ಮ ನನ್ನ ಮುಖ ನೋಡಿದರು. ನಾನು ನೆಲ ನೋಡಿದೆ. ಅಡುಗೆ ಮಾಡುವವರ ಚಿತ್ರ ತೆಗೆಯಲು ಹೋಗಿ ಅವರ ಅನ್ನ ಬೇಡವೆನ್ನುವುದು ಯಾವ ಸೀಮೆಯ ಕಲೆ? ತಟ್ಟೆಯನ್ನು ವಾಪಸು ಒಯ್ದ ಆ ಬೆನ್ನನ್ನೂ ಮೇಡಂ ಚಿತ್ರಿಸಿಕೊಂಡರು!

ಎರಡನೆಯ ಅಡುಗೆಯವರು ಚಿಕ್ಕಮ್ಮ. ದೊಡ್ಡಮ್ಮನ ವಾರಗಿತ್ತಿ, ಅವರ ಮೈದುನನ ಹೆಂಡತಿ. ಇಬ್ಬರೂ ಅಕ್ಕಪಕ್ಕದ ಒಲೆಗಳಲ್ಲೇ ಕೆಲಸ ಮಾಡುತ್ತಾರೆ. ಮಾತು ಬಿಟ್ಟು ಒಂಬತ್ತು ವರ್ಷವಾಯಿತಂತೆ. ಕಾರಣ ಕುಕ್ಕರಿನ ಗ್ಯಾಸ್ಕೆಟ್. ಚಿಕ್ಕಮ್ಮ ಎರವಲು ಒಯ್ದ ಕುಕ್ಕರಿನಿಂದ ಹೊಸ ಗ್ಯಾಸ್ಕೆಟ್ ತೆಗೆದಿಟ್ಟುಕೊಂಡು, ತಮ್ಮ ಹಳೆಯದನ್ನು ಹಾಕಿ ವಾಪಸು ಕೊಟ್ಟರು ಎಂಬುದು ದೊಡ್ಡಮ್ಮನ ದೂರು. ಕೊಟ್ಟಾಗಲೇ ಅದು ಹಳೆಯದಿತ್ತು ಎಂಬುದು ಚಿಕ್ಕಮ್ಮನ ದೂರು. ತೀರಾ ಅಗತ್ಯ ಬಿದ್ದರೆ ಗೋಡೆಗೋ ಕುಂಬಳಕಾಯಿಗೋ ಹೇಳುತ್ತಾರೆ: "ಯಾರಾದ್ರೂ ಆ ಎರಡನೇ ಒಲೆ ಸಣ್ಣ ಮಾಡಿದ್ರೆ ಚೆನ್ನಾಗಿತ್ತು."

ಮೇಡಂಗೆ ಈ ಜಗಳ ಸಿಕ್ಕಿದ್ದೇ ಸಾಕಾಗಿದೆ. ಒಂದೇ ಒಲೆಸಾಲು, ಎರಡು ಮೌನ. ಅದೇ ತಮ್ಮ ಚಿತ್ರ ಅನ್ನುತ್ತಾರೆ.

ಚಿಕ್ಕಮ್ಮ ನನಗೆ 'ಕಿವಿ' ಎಂದು ಹೆಸರಿಟ್ಟಿದ್ದಾರೆ. "ಏನೇ ಕಿವಿ, ನಮ್ಮ ಹೊಟ್ಟೆ ಗುರುಗುಟ್ಟೋದೂ ಕೇಳ್ಸುತ್ತಾ ಅದ್ರಲ್ಲಿ?"

ಕೇಳಿಸುತ್ತದೆ. ಹೇಳಲಿಲ್ಲ.

ಜೂನ್ 11, ಮಂಗಳವಾರ

ಇವತ್ತು ಕಂಡದ್ದನ್ನು ಬರೆಯದೆ ಇರಲಾರೆ.

ಬಾಗಿಲ ಪಕ್ಕದ ಮೊಳೆಗೆ ಒಂದು ಪುಸ್ತಕ ತೂಗುಹಾಕಿದ್ದಾರೆ. ಊಟದ ಗಾಡಿಗಳು ವಾರ್ಡುಗಳಿಗೆ ಹೊರಡುವ ಮುಂಚೆ ಮುಖ್ಯ ಅಡುಗೆಯವರು ಪ್ರತಿ ಪಾತ್ರೆಯ ರುಚಿ ನೋಡಬೇಕು. 'ರುಚಿ ನೋಡಲಾಗಿದೆ' ಎಂಬ ಸಾಲಿನ ಎದುರು ಸಹಿ ಹಾಕಬೇಕು. ಸಹಿ ಬೀಳದೆ ಗಾಡಿ ಕದಲುವ ಹಾಗಿಲ್ಲ. ಮೇಲ್ವಿಚಾರಕರು ಕೈಗಡಿಯಾರ ನೋಡಿಕೊಂಡು ಅಲ್ಲೇ ನಿಂತಿರುತ್ತಾರೆ. ಅವರನ್ನು ಎಲ್ಲರೂ ಗಡಿಯಾರ ಅನ್ನುತ್ತಾರೆ, ಅವರ ಎದುರಿಗೇ.

ದೊಡ್ಡಮ್ಮ ಸಹಿ ಹಾಕಿದರು, ಎಂಟು ಪಾತ್ರೆಗೆ ಎಂಟು ಸಹಿ. ಆದರೆ ರುಚಿ ನೋಡಲಿಲ್ಲ! ನಾನು ಬೆಳಗಿನ ಆರೂವರೆಯಿಂದ ಅಲ್ಲೇ ಇದ್ದೆ. ಒಂದು ಹನಿಯೂ ಅವರ ನಾಲಿಗೆಗೆ ತಾಗಲಿಲ್ಲ. ಕದಡುತ್ತಾರೆ, ಬಾಗಿ ಬಣ್ಣ ನೋಡುತ್ತಾರೆ, ಸೌಟನ್ನು ಎತ್ತಿ ಎಷ್ಟು ಗಟ್ಟಿಯಾಗಿ ಜಾರುತ್ತದೆ ಎಂದು ನೋಡುತ್ತಾರೆ. ಬಾಯಿಗೆ ಮಾತ್ರ ಇಲ್ಲ.

ತಿನ್ನುವವರು ರೋಗಿಗಳು. ಕೆಂಪು ದಾರದ ಪಾತ್ರೆಗೆ ತಪ್ಪಿ ಉಪ್ಪು ಬಿದ್ದರೆ? 'ನೋಡಲಾಗಿದೆ' ಎಂಬ ಕರ್ಮಣಿ ಪ್ರಯೋಗದ ಹಿಂದೆ ಅಡಗಿಕೊಂಡು ದಿನಕ್ಕೆ ಎಂಟು ಸುಳ್ಳು. ನೋಡದ್ದನ್ನು ನೋಡಿದೆ ಎಂದು ಬರೆದು, ಅದರ ಕೆಳಗೆ ತನ್ನ ಹೆಸರನ್ನೇ ಹಾಕುವ ಮನುಷ್ಯರನ್ನು ನಾನು ಎಂದೂ ಗೌರವಿಸಲಾರೆ. ಸಹಿ ಅಂದರೆ ಮಾತು ಕೊಟ್ಟ ಹಾಗೆ.

ಜೂನ್ 12, ಬುಧವಾರ

ಮೇಡಂಗೆ ಹೇಳಿದೆ. ಧೈರ್ಯ ಸಾಲದೆ ಚೀಟಿಯಲ್ಲಿ ಬರೆದುಕೊಟ್ಟೆ. ಓದಿ ಜೇಬಿಗೆ ಹಾಕಿಕೊಂಡರು. "ಕೋಪ ಮಾಡ್ಕೋಬೇಡ. ಕೇಳಿಸ್ಕೋ" ಅಂದರು.

ಎರಡೂ ಒಟ್ಟಿಗೇ ಆಗಬಾರದೆ?

ಜೂನ್ 20, ಗುರುವಾರ

ಸಿಕ್ಕಿತು! ಇಡೀ ಅಡುಗೆಮನೆಯಲ್ಲಿ ಇದು ಕೇಳಿಸಿದ್ದು ನನಗೊಬ್ಬಳಿಗೇ.

ಒಂಬತ್ತು ದಿನದಿಂದ ದೊಡ್ಡಮ್ಮನ ಮೇಲೆ ಕಣ್ಣಿಟ್ಟಿದ್ದೆ. ಇಡಬೇಕಾಗಿದ್ದದ್ದು ಕಿವಿ. ಸಂಜೆ ಹಾಳೆ ತುಂಬಲು ಕೂತಾಗ ಫ್ಯಾನಿನ ಗೊರಕೆಯ ಹಿಂದೆ ಸಣ್ಣದೊಂದು ಸದ್ದು ಕೇಳಿಸಿತು. ಪಾತ್ರೆಯ ಅಂಚಿಗೆ ಸೌಟು ತಾಗಿದ ಟಣ್. ಅಡುಗೆಮನೆಯಲ್ಲಿ ಸೌಟಿನ ಸದ್ದು ಹೊಸದಲ್ಲ, ಬಿಟ್ಟುಬಿಡಬಹುದಿತ್ತು. ಆದರೆ ಅದಾದ ಕೂಡಲೇ ಉಪ್ಪಿನ ಡಬ್ಬಿಯ ಮುಚ್ಚಳ ತೆರೆದ ಸದ್ದು. ಸ್ವಲ್ಪ ಹೊತ್ತಿಗೆ ಟಣ್ ಟಣ್, ಎರಡು. ಆಮೇಲೆ ಉರಿ ಆರಿಸಿದ ಸದ್ದು. ಹಿಂದಿನ ದಿನದ್ದು ಕೇಳಿದೆ, ಅದರ ಹಿಂದಿನದ್ದೂ ಕೇಳಿದೆ. ಪ್ರತಿದಿನವೂ ಇದೆ!

ಕಣ್ಣಿಗೆ ಬಿದ್ದೂ ಗಮನಿಸದೆ ಬಿಟ್ಟದ್ದು ಈಗ ನೆನಪಾಯಿತು: ಬಡಿಯುವವರು ಚಿಕ್ಕಮ್ಮ. ಅವರು ತಮ್ಮ ಒಲೆಯಿಂದ ಇನ್ನೊಂದು ಒಲೆಗೆ ಹೋಗುವಾಗ ದೊಡ್ಡಮ್ಮನ ಪಾತ್ರೆಯನ್ನು ದಾಟುತ್ತಾರೆ. ದಾಟುವಾಗ ಸೌಟಿನಿಂದ ಒಂದು ಹನಿ ಅಂಗೈಗೆ, ಅಂಗೈಯಿಂದ ಬಾಯಿಗೆ. ನಿಲ್ಲುವುದೂ ಇಲ್ಲ, ಅತ್ತ ನೋಡುವುದೂ ಇಲ್ಲ. ಅಂಚಿಗೆ ಒಂದು ಬಡಿತ ಅಂದರೆ ಉಪ್ಪು ಸಾಲದು. ಎರಡು ಅಂದರೆ ಸರಿ. ಸೌಟನ್ನು ಅಂಚಿಗೆ ಉಜ್ಜಿ ಎಳೆದರೆ ಹೆಚ್ಚಾಯಿತು, ನೀರು ಹಾಕು. ಬಿರುಸಾಗಿ ಮೂರು ಬಡಿದರೆ ತಳ ಹಿಡಿಯುತ್ತಿದೆ. ಕೆಂಪು ದಾರದ ಪಾತ್ರೆಗಳನ್ನು ಎರಡೆರಡು ಸಲ ದಾಟುತ್ತಾರೆ.

ಒಂಬತ್ತು ವರ್ಷದಿಂದ ಮಾತಿಲ್ಲದ ಇಬ್ಬರು ಹೆಂಗಸರು ದಿನವಿಡೀ ಮಾತಾಡುತ್ತಿದ್ದಾರೆ!

ಹಾಳೆಯಲ್ಲಿ ಎಲ್ಲವನ್ನೂ ಬರೆದೆ, ನಿಮಿಷ, ಸೆಕೆಂಡು, ಅರ್ಥ ಸಮೇತ. ಯಾರೂ ಬರೆ ಅನ್ನದಿದ್ದರೂ ಕೊನೆಗೊಂದು ಟಿಪ್ಪಣಿ ಸೇರಿಸಿದೆ: 'ಒಬ್ಬರ ನಾಲಿಗೆ ಇನ್ನೊಬ್ಬರ ಕೈಗೆ ವರದಿ ಒಪ್ಪಿಸುತ್ತಿದೆ.' ಈ ವಾಕ್ಯವನ್ನು ಮೂರು ಸಲ ತಿದ್ದಿದೆ. ಅಕ್ಷರ ಇವತ್ತು ಎಷ್ಟು ಚೆನ್ನಾಗಿ ಬಂತು! ಸಹಿಯೂ.

ಜೂನ್ 21, ಶುಕ್ರವಾರ

ಮೇಡಂ ಹಾಳೆಯನ್ನು ಎರಡು ಸಲ ಓದಿದರು. ಹೆಡ್‌ಫೋನು ಹಾಕಿಕೊಂಡು ಕೇಳಿದರು. ಕನ್ನಡಕ ತೆಗೆದು ಕಣ್ಣೊರೆಸಿಕೊಂಡು, "ನನ್ನ ಸಿನಿಮಾ ಇದು ಕಣೆ. ಇದೇ" ಅಂದರು. ಇನ್ನು ಮೈಕು ಪಾತ್ರೆಯ ಅಂಚಿನ ಹತ್ತಿರವೇ ಇರಬೇಕಂತೆ.

ಅವರು ನನ್ನನ್ನು ಕಣೆ ಎಂದದ್ದು ಇದೇ ಮೊದಲು. ಬಸ್ಸಿನಲ್ಲಿ ಕೂತು ಸುಮ್ಮಸುಮ್ಮನೆ ನಕ್ಕೆ.

ಜುಲೈ 2, ಮಂಗಳವಾರ

ಮೈಕಿನ ಬ್ಯಾಟರಿ ಸತ್ತಿತು. ಮೇಡಂ ಹೊಸದು ತರಲು ಹೋದರು. ನಾನು ಚಿಕ್ಕಮ್ಮನ ಪಕ್ಕ ಕೂತೆ. ಅವರು ಬೀನ್ಸ್ ನಾರು ತೆಗೆಯುತ್ತಿದ್ದರು, ನಾನೂ ತೆಗೆದೆ. ಎರಡನೆಯ ನಿಯಮ ಮುರಿದೆ.

"ಚಿಕ್ಕಮ್ಮ, ನೀವು ಪಾತ್ರೆಗೆ ಸೌಟು ಬಡಿತೀರಲ್ಲ..."

ಅವರ ಕೈ ನಿಂತಿತು. "ಕೇಳ್ಸಿತಾ?"

"ಹ್ಞೂಂ."

"ಯಾರಿಗೆ ಹೇಳಿದೀಯ?"

"ಯಾರಿಗೂ ಇಲ್ಲ" ಅಂದೆ. ಬರೆದಿದ್ದೆ, ಹೇಳಿರಲಿಲ್ಲ. ಇದು ಎಂಥ ಹೇಡಿಯ ಲೆಕ್ಕ ಎಂದು ಆಗಲೇ ಗೊತ್ತಿತ್ತು.

ತಗ್ಗಿದ ದನಿಯಲ್ಲಿ ಹೇಳಿದರು. ನಾಲ್ಕು ವರ್ಷದ ಹಿಂದೆ ದೊಡ್ಡಮ್ಮನಿಗೆ ಒಂದು ಜ್ವರ ಬಂತು. ಜ್ವರ ಬಿಟ್ಟಿತು, ವಾಸನೆ ಮರಳಲಿಲ್ಲ. ವಾಸನೆಯ ಹಿಂದೆಯೇ ರುಚಿಯೂ ಹೋಯಿತು. ಇಲ್ಲಿನ ವೈದ್ಯರಿಗೆ ತೋರಿಸಿದರೆ ಸುದ್ದಿಯಾಗುತ್ತದೆಂದು ಎರಡು ಬಸ್ಸು ಬದಲಾಯಿಸಿ ಬೇರೆಲ್ಲೋ ತೋರಿಸಿಕೊಂಡು ಬಂದರು. ಮದ್ದಿಲ್ಲ ಅಂದರಂತೆ.

"ಒಂದಿನ ಕೆಂಪು ದಾರದ ಪಾತ್ರೆಗೆ ಉಪ್ಪು ಬಿತ್ತು. ನಾನು ನೋಡ್ದೆ. ಅವ್ರ ಹತ್ರ ನಾನು ಮಾತಾಡಲ್ಲ, ಹೆಂಗೆ ಹೇಳ್ಲಿ? ಸೌಟು ತಗೊಂಡು ಪಾತ್ರೆಗೆ ಬಡ್ದೆ. ತಿರುಗಿ ನೋಡಿದ್ರು. ಅರ್ಥ ಆಯ್ತು. ಚೆಲ್ಲಿದ್ರು. ಅವತ್ತಿಂದ ಹಿಂಗೇ."

"ಜಗಳ?"

"ಜಗಳ ಜಗಳದ ಕಡೆ ಇದೆ. ಗ್ಯಾಸ್ಕೆಟ್ ವಿಷ್ಯದಲ್ಲಿ ನಾನು ಸಾಯೋವರೆಗೂ ಸೋಲಲ್ಲ." ನಾರನ್ನು ಬುಟ್ಟಿಗೆ ಒಗೆದರು. "ಇನ್ನು ಹದಿನಾಲ್ಕು ತಿಂಗಳಿಗೆ ಅವ್ರು ನಿವೃತ್ತಿ. ಅಲ್ಲೀವರೆಗೂ ದಾಟಿಸ್ಬೇಕು. ರುಚಿ ಗೊತ್ತಿಲ್ದೋರು ನಾಲ್ಕು ವರ್ಷ ಸಹಿ ಹಾಕಿದಾರೆ ಅಂತ ಮೇಲಿನೋರಿಗೆ ಗೊತ್ತಾದ್ರೆ ಅವತ್ತೇ ಹೊರಗೆ. ಪಿಂಚಣಿಗೂ ಕಲ್ಲು."

ಮೇಡಂ ಬ್ಯಾಟರಿ ತಂದರು. ನಾನು ಎದ್ದು ಕೋಲು ಹಿಡಿದೆ. ಅವರ ಚೀಲದಲ್ಲಿ ಆಸ್ಪತ್ರೆಯ ಅನುಮತಿ ಪತ್ರವಿದೆ, ನಾನೇ ಅದಕ್ಕೆ ರಂಧ್ರ ಹಾಕಿ ಫೈಲಿಗೆ ಸೇರಿಸಿದ್ದೆ. ಅದರಲ್ಲಿ ಮೂರನೆಯ ಸಾಲು: ಚಿತ್ರವನ್ನು ಹೊರಗೆ ತೋರಿಸುವ ಮುಂಚೆ ಆಡಳಿತ ಮಂಡಳಿಗೆ ತೋರಿಸತಕ್ಕದ್ದು.



ಜುಲೈ 3, ಬುಧವಾರ

"ಮೇಡಂ, ಆ ಸೌಟಿನ ಭಾಗ ಬೇಡ" ಅಂದೆ. ಬಾಯಿಬಿಟ್ಟೇ ಅಂದೆ, ಚೀಟಿಯಲ್ಲಲ್ಲ. ಎಲ್ಲವನ್ನೂ ಹೇಳಿದೆ.

"ಗೊತ್ತು" ಅಂದರು. ಗೊತ್ತಂತೆ! "ಒಬ್ರಿಗೆ ರುಚಿ ಹೋಗಿದೆ, ಇನ್ನೊಬ್ರು ನೋಡಿ ಹೇಳ್ತಿದಾರೆ. ಅದಕ್ಕೇ ಅಲ್ವಾ ಅದು ಅಷ್ಟು ಚೆನ್ನಾಗಿರೋದು?"

"ಅವರ ಕೆಲಸ ಹೋಗುತ್ತೆ ಮೇಡಂ."

"ನಾನು ಎಲ್ಲೂ ಬಾಯ್ಬಿಟ್ಟು ಹೇಳಲ್ಲ. ಇದ್ದಿದ್ದನ್ನ ಇದ್ದ ಹಾಗೆ ತೋರಿಸ್ತೀನಿ."

"ಆಸ್ಪತ್ರೆಯವರು ಮೊದಲು ನೋಡ್ತಾರಲ್ಲ?"

"ನೋಡ್ಲಿ ಬಿಡು. ಅವರಿಗೆ ಅಷ್ಟು ಸೂಕ್ಷ್ಮ ಎಲ್ಲಿಂದ ಬರ್ಬೇಕು?"

"ಒಬ್ಬರಿಗೆ ಅರ್ಥ ಆದ್ರೆ ಸಾಕಲ್ಲ ಮೇಡಂ. ಅವರನ್ನ ಒಂದು ಮಾತು ಕೇಳಿ."

"ಕೇಳೋದು ನನ್ನ ಪದ್ಧತಿ ಅಲ್ಲ. ಇಪ್ಪತ್ತು ವರ್ಷದಿಂದ ನಾನು ಬರೀ ನೋಡಿದೀನಿ." ಆಮೇಲೆ, ಬೈಯುವ ದನಿಯೂ ಇಲ್ಲದೆ, ಮೆಲ್ಲಗೆ ಅಂದರು: "ಅಷ್ಟು ದಿನ ನಾನೂ ಅಲ್ಲೇ ನಿಂತಿದ್ದೆ. ನನಗೆ ಕೇಳಿಸಲಿಲ್ಲ. ಕೇಳಿಸಿಕೊಂಡಿದ್ದು ನೀನು. ಬರೆದಿದ್ದು ನೀನು. ಸಹಿ ಹಾಕಿದ್ದೂ ನೀನೇ."

ಬರೀ ನೋಡಿದ್ದಾರಂತೆ. ಬರೀ ನೋಡುವುದು ಅಂತ ಒಂದಿದೆಯೇ? ಕಿಟಕಿಯಲ್ಲಿ ಇಣುಕುವವನೂ ಬರೀ ನೋಡುತ್ತಾನೆ. ಅವರ ಅನ್ನ ಮುಟ್ಟುವುದಿಲ್ಲ, ಅವರ ಗುಟ್ಟು ಮಾತ್ರ ಬೇಕು. ಅಷ್ಟು ದಿನ ಅವರ ಬೆವರನ್ನು ಹತ್ತಿರದಿಂದ ತೋರಿಸಿ, ಕೊನೆಗೆ ಕತ್ತಲೆ ಕೋಣೆಯಲ್ಲಿ ಕೂತವರು ಚಪ್ಪಾಳೆ ತಟ್ಟುವಾಗ ಎದ್ದು ನಿಲ್ಲುವವರು ಯಾರು? ದೊಡ್ಡಮ್ಮ ಅಲ್ಲ. ಚಪ್ಪಾಳೆ ನಿಂತ ಮೇಲೆ ಮನೆಗೆ ಹೋಗುವವರು ಮಾತ್ರ ದೊಡ್ಡಮ್ಮ. ಬರೆಯುತ್ತಾ ಪೆನ್ನಿನ ಮುಳ್ಳು ಸಿಕ್ಕಿ ಹಾಳೆ ಹರಿಯಿತು. ಹರಿಯಲಿ.

ನಾನು ಬರೆದದ್ದು ಬೇರೆ ವಿಷಯ.

ಜುಲೈ 4, ಗುರುವಾರ

ಬೇರೆ ವಿಷಯ ಅಲ್ಲ.

ಜುಲೈ 9, ಮಂಗಳವಾರ

ಎರಡು ದಿನದಿಂದ ಹೋಗಿಲ್ಲ. ತಲೆನೋವು ಎಂದಿದ್ದೇನೆ. ಅಕ್ಕ ಹಣೆ ಮುಟ್ಟಿ ನೋಡಿ, "ಜ್ವರ ಇಲ್ಲ, ಬರೀ ಕೋಪ" ಅಂದಳು. ಯಾರ ಮೇಲೆ ಎಂದು ಕೇಳಲಿಲ್ಲ, ಒಳ್ಳೆಯದಾಯಿತು.

ಜುಲೈ 16, ಮಂಗಳವಾರ

ಹೇಳಿಬಿಟ್ಟೆ. ಊಟದ ಗಾಡಿಗಳು ಹೋದ ಮೇಲೆ ಇಬ್ಬರೂ ಪಾತ್ರೆ ತೊಳೆಯುವ ತೊಟ್ಟಿಯ ಹತ್ತಿರ ಇದ್ದಾಗ, ಹೆಡ್‌ಫೋನು ತೆಗೆದು ಕುತ್ತಿಗೆಗೆ ಹಾಕಿಕೊಂಡು, ಒಂದೇ ಉಸಿರಿಗೆ. ಸೌಟು ಕೇಳಿಸಿತು, ಬರೆದೆ, ಮೇಡಂ ಅದನ್ನು ಚಿತ್ರದಲ್ಲಿ ಇಟ್ಟಿದ್ದಾರೆ, ಮಂಡಳಿಯವರು ನೋಡುತ್ತಾರೆ.

ನಲ್ಲಿ ಸುರಿಯುತ್ತಲೇ ಇತ್ತು.

ಚಿಕ್ಕಮ್ಮ, "ಯಾರಿಗೂ ಹೇಳಿಲ್ಲ ಅಂದ್ಯಲ್ಲೇ!" ಅಂದರು. ಬೈದಿದ್ದರೆ ವಾಸಿಯಿತ್ತು. ಬೈಯಲಿಲ್ಲ.

ದೊಡ್ಡಮ್ಮ ನಲ್ಲಿ ನಿಲ್ಲಿಸಿ, ಕೈ ಒರೆಸಿಕೊಂಡು, ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿದರು. "ನಿಂಗೆ ಯಾಕಮ್ಮ ಅಷ್ಟು ಚೆನ್ನಾಗಿ ಕೇಳ್ಸುತ್ತೆ?"

ಹೆಡ್‌ಫೋನಿನ ತಂತಿಯನ್ನು ಬೆರಳಿಗೆ ಸುತ್ತಿಕೊಂಡೆ.

"ಆ ಸಿನಿಮಾನ ನಮಗೂ ತೋರ್ಸು ಅನ್ನು ನಿಮ್ಮ ಮೇಡಂಗೆ. ನಮ್ಮ ಮುಖ, ನಾವೇ ನೋಡಿಲ್ಲ" ಅಂದರು ದೊಡ್ಡಮ್ಮ.

ಜುಲೈ 21, ಭಾನುವಾರ

ಇಬ್ಬರೂ ಇವತ್ತು ಮೇಡಂ ಮನೆಗೆ ಬಂದಿದ್ದರು. ಒಂದೇ ಬೀದಿಯವರು ಬೇರೆ ಬೇರೆ ಬಸ್ಸಿನಲ್ಲಿ, ಹತ್ತು ನಿಮಿಷದ ಅಂತರದಲ್ಲಿ.

ಚಿತ್ರ ಜೋಡಿಸುವ ಕೋಣೆ ಚಿಕ್ಕದು. ಕಿಟಕಿಗೆ ಹಳೆ ಹೊದಿಕೆ ಕಟ್ಟಿದ್ದಾರೆ. ದೊಡ್ಡಮ್ಮ ಕುರ್ಚಿಯಲ್ಲಿ ಕೂತರು. ಚಿಕ್ಕಮ್ಮ ಸ್ಟೂಲನ್ನು ಎಳೆದುಕೊಂಡು ಹೋಗಿ ಎದುರು ಮೂಲೆಯಲ್ಲಿ ಕೂತರು. ನಡುವೆ ನಾನು, ಅಂಚೆಯವಳ ಹಾಗೆ.

ಪರದೆಯ ಮೇಲೆ ಅಡುಗೆಮನೆ ಬಂತು. "ಅಯ್ಯೋ, ಇಷ್ಟು ದಪ್ಪ ಇದೀನಾ ನಾನು?" ಅಂದರು ದೊಡ್ಡಮ್ಮ.

ಚಿಕ್ಕಮ್ಮ ನನಗೆ: "ಕೇಳೇ ಅವ್ರನ್ನ, ಮನೇಲಿ ಕನ್ನಡಿ ಮಾರಿದಾರಾ ಅಂತ."

ದೊಡ್ಡಮ್ಮ ನನಗೆ: "ಹೇಳಮ್ಮ ಅವ್ಳಿಗೆ, ಕನ್ನಡಿ ಎರವಲು ಕೊಟ್ಟಿದೀನಿ, ವಾಪಸ್ ಬಂದಿಲ್ಲ ಅಂತ."

ಮೇಡಂ ಕೂಡ ನಕ್ಕರು. ಆಮೇಲೆ ಸೌಟಿನ ಭಾಗ ಬಂತು. ಮೇಡಂ ಫ್ಯಾನಿನ ಸದ್ದನ್ನು ತಗ್ಗಿಸಿ ಬಡಿತವನ್ನು ಏರಿಸಿದ್ದಾರೆ. ಒಂದು. ಉಪ್ಪಿನ ಡಬ್ಬಿ. ಎರಡು. ಅದು ಚೆನ್ನಾಗಿದೆ. ಸಿಟ್ಟು ಬರುವಷ್ಟು ಚೆನ್ನಾಗಿದೆ. ಅದರ ಬೆನ್ನಿಗೇ ದೊಡ್ಡಮ್ಮ ಪುಸ್ತಕಕ್ಕೆ ಸಹಿ ಹಾಕುವ ದೃಶ್ಯ. ಇದು ಅರ್ಥವಾಗದವರು ಯಾರಿದ್ದಾರೆ?

"ತೆಗೀರಿ ಇದನ್ನ" ಅಂದರು ದೊಡ್ಡಮ್ಮ.

"ನಿಮ್ಮನ್ನ ಕಳ್ಳಿ ಅಂತ ತೋರಿಸ್ತಿಲ್ಲ ನಾನು" ಅಂದರು ಮೇಡಂ. "ಇಡೀ ಸಿನಿಮಾದಲ್ಲಿ ನಿಮ್ಮಷ್ಟು ದೊಡ್ಡೋರು ಯಾರೂ ಕಾಣಲ್ಲ."

"ನೀವು ತೋರ್ಸಲ್ಲಮ್ಮ. ನೋಡೋರು ನೋಡ್ತಾರೆ."

ಆಗ ಮೂಲೆಯಿಂದ: "ಹೇಳೇ ಅವ್ರಿಗೆ, ತೆಗೆಯೋದು ಬೇಡ ಅಂತ."

ಎಲ್ಲರೂ ತಿರುಗಿದೆವು. ಚಿಕ್ಕಮ್ಮ ಪರದೆಯನ್ನೇ ನೋಡುತ್ತಿದ್ದರು. ಮೇಡಂ ಹಿಂದಕ್ಕೆ ಓಡಿಸಿ ನಿಲ್ಲಿಸಿದ್ದ ಚಿತ್ರದಲ್ಲಿ ಅವರ ಅಂಗೈ ಅಲ್ಲಾಡದೆ ನಿಂತಿತ್ತು.

"ನಾಲ್ಕು ವರ್ಷ. ದಿನಕ್ಕೆ ಎಂಟು ಪಾತ್ರೆ, ನನ್ನ ಒಲೆ ಕೆಲ್ಸ ಬೇರೆ. ಕುದಿಯೋದು ಬಾಯಿಗೆ ಹಾಕ್ಕೊಂಡು ನಾಲಿಗೆ ಸುಟ್ಕೊಂಡಿರೋಳು ನಾನು. ಡಾಕ್ಟರುಗಳು ಬಂದು 'ದೊಡ್ಡಮ್ಮನ ಕೈರುಚಿನೇ ಬೇರೆ' ಅಂತಾರೆ. ನಾನು ಪಕ್ಕದಲ್ಲೇ ಈರುಳ್ಳಿ ಹೆಚ್ತಾ ಇರ್ತೀನಿ. ಒಂದ್ಸಲ, ಒಂದೇ ಒಂದ್ಸಲ, ಎಲ್ಲಾದ್ರೂ ಇದು ನಂದು ಅಂತ ಕಾಣ್ಲಿ."

ನನ್ನ ಎರಡು ವಾರದ ಕೋಪದಲ್ಲಿ ಚಿಕ್ಕಮ್ಮನಿಗೆ ಜಾಗವೇ ಇರಲಿಲ್ಲ. ದೊಡ್ಡಮ್ಮನನ್ನು ಕಾಪಾಡುವ ಉತ್ಸಾಹದಲ್ಲಿ ಇವರನ್ನು ಅಳಿಸಲು ಹೊರಟಿದ್ದೆ. ಇದೂ ಒಂದು ಅನ್ಯಾಯವೇ, ಮತ್ತು ಇದನ್ನು ಮೇಡಂ ಮೇಲೆ ಹೊರಿಸಲು ಬರುವುದಿಲ್ಲ.

 ದೊಡ್ಡಮ್ಮ ತಮ್ಮ ಎರಡೂ ಅಂಗೈ ತಿರುಗಿಸಿ ನೋಡಿಕೊಂಡರು. ತುಟಿ ಅದುರುತ್ತಿತ್ತು.

ಅದೇ ಹೊತ್ತಿಗೆ ಮೇಡಂ ಅವರ ಬಲಗೈ ಮೇಜಿನ ಮೇಲೆ ಮೆಲ್ಲಗೆ ಜರುಗುವುದನ್ನು ಕಂಡೆ. ಬೆಕ್ಕಿನ ಹೆಜ್ಜೆಯ ಹಾಗೆ. ಬೆರಳು ಕ್ಯಾಮೆರಾದ ಮುಚ್ಚಳಕ್ಕೆ ತಾಗಿತು.

ಎದ್ದು ಅಡ್ಡ ನಿಂತೆ. "ಬೇಡ ಮೇಡಂ!"

ಎಷ್ಟು ಜೋರಾಗಿ ಅಂದೆನೋ, ಪಕ್ಕದ ಮನೆಯಲ್ಲಿ ಯಾರೋ "ಏನಾಯ್ತು?" ಅಂದರು. ನಿಲ್ಲಿಸಲು ಆಗಲಿಲ್ಲ. "ಇದು ಅವರ ಮನೆ ಮಾತು. ನಮ್ಮ ಸಿನಿಮಾ ಅಲ್ಲ. ಅವರು ಅಳೋದಕ್ಕೂ ನಿಮ್ಮ ಕ್ಯಾಮೆರಾ ಬೇಕಾ? ಒಂದು ದಿನ, ಒಂದೇ ದಿನ ಅವರ ಎದುರಿಗೆ ಕೈ ಖಾಲಿ ಇಟ್ಕೊಂಡು ಕೂತ್ಕೊಳ್ಳಿ."

ಮೇಡಂ ಕೈ ಹಿಂದೆ ತೆಗೆದರು. ಕಿವಿಯ ತುದಿಯವರೆಗೂ ಕೆಂಪಾಗಿದ್ದರು.

"ಕಿವಿಗೆ ಬಾಯಿ ಬಂತು" ಅಂದರು ಚಿಕ್ಕಮ್ಮ. ಯಾರೂ ನಗಲಿಲ್ಲ. ಅವರೇ ಮುಂದುವರಿಸಿದರು: "ತೆಗೀರಿ. ಹೋಗ್ಲಿ. ಆದ್ರೆ ಎಸೀಬೇಡಿ. ಹದಿನಾಲ್ಕು ತಿಂಗಳು ಆದ್ಮೇಲೆ ನಂಗೆ ಕೊಡಿ. ನನ್ನ ಮಕ್ಕಳಿಗೆ ತೋರ್ಸ್ಬೇಕು."

 "ಬೇಡ ಅಂದೋರನ್ನ ನಾನು ಯಾವತ್ತೂ ತೋರಿಸಿಲ್ಲ" ಅಂದರು ಮೇಡಂ ಕೊನೆಗೆ, ನಮ್ಮನ್ನೇ ಗದರಿಸುವ ಹಾಗೆ. ಕೇಳದೇ ಇದ್ದರೆ ಬೇಡ ಅನ್ನುವವರು ಯಾರು ಎಂಬ ಪ್ರಶ್ನೆ ನನ್ನ ನಾಲಿಗೆಯ ತುದಿಯಲ್ಲಿತ್ತು. ಇವತ್ತಿನ ಕೋಟಾ ಮುಗಿದಿತ್ತು.

ತೆಗೆದು ಜೋಪಾನವಾಗಿ ಇಡುವುದೆಂದಾಯಿತು. ಆದರೆ ಆ ಸದ್ದು ಎಲ್ಲ ದೃಶ್ಯಗಳಲ್ಲೂ ಇದೆ. ಅಳಿಸಿದ ಕಡೆ ತೂತು ಬೀಳುತ್ತದೆ, ಬರೀ ಖಾಲಿ ಬಿಟ್ಟರೆ ಕಿವಿಗೆ ತಿಳಿಯುತ್ತದೆ. ಅಡುಗೆಮನೆಯದೇ ಮೌನವನ್ನು ತಂದು ಅಲ್ಲಿ ತೇಪೆ ಹಾಕಬೇಕು. ಬಾಗಿಲಿನವರೆಗೆ ಬಂದ ಮೇಡಂ, "ನೀನು ಒಳ್ಳೇ ಸಾಕ್ಷ್ಯಚಿತ್ರ ಮಾಡೋಳಲ್ಲ. ಶುಕ್ರವಾರ ಮೈಕು ತಗೊಂಡು ಬಾ" ಅಂದರು.

ಕ್ಷಮೆ ಕೇಳಲಿಲ್ಲ. ನಾನೂ ಕೇಳಲಿಲ್ಲ. ನಾನು ಕೇಳಬೇಕಾಗಿದ್ದದ್ದು ಬೇರೆಯವರನ್ನು. ದೊಡ್ಡಮ್ಮನನ್ನು ಬಸ್ಸಿನವರೆಗೆ ಬಿಟ್ಟು, "ತಪ್ಪಾಯ್ತು ದೊಡ್ಡಮ್ಮ" ಅಂದೆ. "ಬಸ್ಸು ಬಂತು ನೋಡು" ಅಂದರು. ಚಿಕ್ಕಮ್ಮ ನಿಲ್ದಾಣದ ಇನ್ನೊಂದು ತುದಿಯಲ್ಲಿ ನಿಂತಿದ್ದರು. ಅದೇ ಬಸ್ಸಿಗೆ ಹಿಂದಿನ ಬಾಗಿಲಿನಿಂದ ಹತ್ತಿದರು.

ಜುಲೈ 26, ಶುಕ್ರವಾರ

ಬೆಳಗ್ಗೆ ಭಾವ "ಕೋಲಿಗೆ ಎಣ್ಣೆ ಹಚ್ಚಿ ಆಯ್ತಾ?" ಅಂದರು. "ನಿಮ್ಮ ಬೆನ್ನಿಗೆ ಅಳತೆ ತಗೋತಾ ಇದೀನಿ" ಅಂದೆ. ಅಕ್ಕನ ಕೈಯಿಂದ ಲೋಟ ಜಾರಿತು.

ಮಧ್ಯಾಹ್ನದ ಗಾಡಿಗಳು ಹೋದ ಮೇಲೆ ಮೌನ ಹಿಡಿಯುವುದೆಂದಾಯಿತು. ಫ್ಯಾನು ತಿರುಗುತ್ತಿರಬೇಕು, ಒಲೆಗಳು ಉರಿಯುತ್ತಿರಬೇಕು, ಯಾರೂ ಕದಲಬಾರದು, ಒಂದು ನಿಮಿಷ. ಜನ ಕಡಿಮೆ ಇರಲೆಂದು ಮೇಡಂ ಹೊರಗೆ ನಿಂತು ಬಾಗಿಲು ಹಾಕಿಕೊಂಡರು. ಹೊತ್ತು ಎಣಿಸುವ ಹೊಣೆ ಮೇಲ್ವಿಚಾರಕ ಗಡಿಯಾರ ಅವರದು. ಇದಕ್ಕಾಗಿಯೇ ಹುಟ್ಟಿದವರ ಹಾಗೆ ಮಣಿಕಟ್ಟು ಎತ್ತಿಕೊಂಡು ನಿಂತರು. ಯಾಕೆ ಈ ಮೌನ ಎಂದು ಅವರಿಗೆ ಗೊತ್ತಿಲ್ಲ.

ಮೊದಲ ಸಲ ಇಪ್ಪತ್ತು ಸೆಕೆಂಡಿಗೆ ಚಿಕ್ಕಮ್ಮನ ಕೈ ತಾನಾಗಿ ಎದ್ದು ಪಾತ್ರೆಗೆ ಎರಡು ಬಡಿಯಿತು. ಖಾಲಿ ಪಾತ್ರೆಗೆ! ಸೌಟು ಕಿತ್ತುಕೊಂಡು ನನ್ನ ಚೀಲದಲ್ಲಿಟ್ಟೆ.

ಎರಡನೆಯ ಸಲ ಮೂವತ್ತು ಸೆಕೆಂಡು ಕಳೆಯುವಷ್ಟರಲ್ಲಿ ಗಡಿಯಾರ ಅವರ ಫೋನು ಜೇಬಿನಲ್ಲಿ ನಡುಗಿತು. ತುದಿಗಾಲಿನಲ್ಲಿ ಹೊರಗೆ ಹೋದರು. ಒಳಗೆ ನಾವು ಮೂವರೇ. ನಾನು ನಿಲ್ಲಿಸಲಿಲ್ಲ, ಮೈಕು ಎತ್ತಿ ಹಿಡಿದೇ ಇದ್ದೆ. ಫ್ಯಾನಿನ ಗೊರಕೆ, ಎಂಟು ಉರಿಗಳ ಉಸಿರು. ಆಗ ದೊಡ್ಡಮ್ಮ ಮಾತಾಡಿದರು. ನನಗಲ್ಲ, ಗೋಡೆಗಲ್ಲ, ಕುಂಬಳಕಾಯಿಗಲ್ಲ. ಪಕ್ಕಕ್ಕೆ ಪೂರ್ತಿ ತಿರುಗಿ, ಚಿಕ್ಕಮ್ಮನಿಗೆ. ಪಿಸುಮಾತು, ಹೆಡ್‌ಫೋನು ಇಲ್ಲದಿದ್ದರೆ ನನಗೂ ಕೇಳುತ್ತಿರಲಿಲ್ಲ. ನಾಲ್ಕೋ ಐದೋ ಶಬ್ದ. ಚಿಕ್ಕಮ್ಮ ಒಂದೇ ಶಬ್ದದಲ್ಲಿ ಉತ್ತರ ಕೊಟ್ಟರು.

ಅದರಲ್ಲಿ ಗ್ಯಾಸ್ಕೆಟ್ ಇರಲಿಲ್ಲ. ಉಳಿದದ್ದನ್ನು ಬರೆಯುತ್ತಾ ಕೂರಲು ನನಗೇನು ಬೇರೆ ಕೆಲಸವಿಲ್ಲವೇ?

ಮೂರನೆಯದು ಸರಿಯಾಗಿ ಬಂತು. ಸೌಟನ್ನು ವಾಪಸು ಕೊಟ್ಟೆ. ದೊಡ್ಡಮ್ಮ ತಟ್ಟೆ ತಂದರು, ಎರಡು. ಒಂದನ್ನು ನಾನು ತೊಟ್ಟಿಯ ಕಟ್ಟೆಯ ಮೇಲೆ ಕೂತು ತಿಂದೆ. ಉಪ್ಪು ಸರಿಯಾಗಿತ್ತು. ಇನ್ನೊಂದು ತಟ್ಟೆಯ ಎದುರು ಮೇಡಂ ಸ್ವಲ್ಪ ಹೊತ್ತು ನಿಂತೇ ಇದ್ದರು. ಆಮೇಲೆ ಕ್ಯಾಮೆರಾವನ್ನು ಹೆಗಲಿನಿಂದ ಇಳಿಸಿದರು. ಈಗೇಕೆ, ಇಷ್ಟು ದಿನ ಎಲ್ಲಿ ಹೋಗಿತ್ತು ಈ ಹಸಿವು ಎಂದು ನನಗೆ ಮತ್ತೆ ಸಿಟ್ಟು ಬಂತು.

"ಎರಡನೇದಕ್ಕೆ ಏನಾಯ್ತು?" ಎಂದು ಕೇಳಿದರು, ಬಾಯಲ್ಲಿ ತುತ್ತಿಟ್ಟುಕೊಂಡೇ.

"ಸರಿ ಬರಲಿಲ್ಲ ಮೇಡಂ. ಅಳಿಸಿದೆ."

ಮನೆಗೆ ಬಂದು ಹಾಳೆ ತುಂಬಿದೆ. ಒಂದನೆಯದು: ಬಳಸಲು ಬಾರದು. ಕಾರಣ, ಪಾತ್ರೆಯ ಸದ್ದು. ಮೂರನೆಯದು: ಬಳಸಬಹುದು. ಎರಡನೆಯದರ ಎದುರು ಪೆನ್ನು ಸ್ವಲ್ಪ ನಿಂತಿತು. ಬಳಸಲು ಬಾರದು. ಕಾರಣ, ಫ್ಯಾನಿನ ಸದ್ದು.

ಕೇಳಿ ಬರೆದವರು ಎಂಬಲ್ಲಿ ಸಹಿ ಹಾಕಿದೆ.